ಮಗಳ ನೋಟ್‌ಬುಕ್ಕಿನಲ್ಲಿ ನನ್ನ ಮಾತು

ನೀವು ಬಾಯಿ ಬಿಟ್ಟ ಕೂಡಲೇ ಮನೆಯಲ್ಲೊಬ್ಬರು ಪೆನ್ನು ಎತ್ತಿಕೊಂಡರೆ ನಿಮಗೆ ಹೇಗಾಗುತ್ತದೆ? ನಾನಂತೂ ಪೆನ್ನಿನ ಸದ್ದಿಗೇ ತಿರುಗಿ ನೋಡತೊಡಗಿದೆ.

ನಾವಿರುವ ಈ ಪರದೇಶದಲ್ಲಿ ಮಗಳು ಅನಘಾ ಹನ್ನೊಂದನೇ ಗ್ರೇಡು. ಎರಡು ವಾರದಿಂದ ಒಂದು ಕಪ್ಪು ನೋಟ್‌ಬುಕ್ಕು ಅವಳ ಕೈ ಬಿಟ್ಟಿಲ್ಲ. ನಾನು ಧಾರವಾಡದ ಅಕ್ಕನಿಗೆ ಫೋನ್ ಮಾಡಿದರೆ ಬರೆಯುತ್ತಾಳೆ. ಅವಳಪ್ಪನನ್ನು ಬೈದರೆ ಬರೆಯುತ್ತಾಳೆ (ಆಗ ಸ್ವಲ್ಪ ಜಾಸ್ತಿಯೇ). ಹತ್ತಿರ ಹೋದರೆ ಪಟ್ಟನೆ ಮುಚ್ಚುತ್ತಾಳೆ.

"ಏನವಾ ಬರಿಯಾಕತ್ತೀ?"

"ನಥಿಂಗ್ ಅಮ್ಮಾ. ಸ್ಕೂಲ್‌ವರ್ಕ್."

ಅಮ್ಮನ ಬೈಗುಳ ಯಾವ ಸ್ಕೂಲಿನ ಸಿಲಬಸ್ಸಿನಲ್ಲಿದೆ ಸ್ವಾಮಿ? ಸಾಲದ್ದಕ್ಕೆ ಎರಿನ್ ಮಿಲ್ಸ್ ಮಾಲಿನಲ್ಲಿ ಸಿಕ್ಕ ಗೆಳತಿ ಕಿವಿ ಊದಿದಳು. "ಹುಷಾರ್ರೀ, ಇಲ್ಲೆ ಮಕ್ಕಳು ಮನ್ಯಾಗಿಂದೆಲ್ಲಾ ಟೀಚರ್‌ಗೆ ಹೇಳ್ತಾವ." ಮನೆಗೆ ಬಂದವಳೇ ಹಾಸಿಗೆ ಕೆಳಗಿಂದ ನೋಟ್‌ಬುಕ್ಕು ಎಳೆದೆ. (ಹೌದು, ಕದ್ದು ಓದಿದೆ. ನೀವಾದರೆ ಬಿಡುತ್ತಿದ್ದಿರಾ?)

ಪುಟಕ್ಕೊಂದು ತಲೆಬರಹ. ಸಿಟ್ಟು, ಊಟ, ನೆಂಟರು, ಎಲ್ಲ ಇಂಗ್ಲಿಷಿನಲ್ಲಿ. ಕೆಳಗೆ ತಾರೀಕಿನ ಸಮೇತ ನನ್ನದೇ ಮಾತು. 'ನೋ' ಎಂಬ ಪುಟದಲ್ಲಿ ಒಂದೇ ವಾಕ್ಯ ಹನ್ನೊಂದು ಸಲ: "ನೋಡೂಣು ತಗೋ." ಈಜು ಕ್ಲಾಸಿಗೆ, ಗೆಳತಿಯ ಮನೆಯಲ್ಲಿ ರಾತ್ರಿ ತಂಗುವ ಸ್ಲೀಪ್‌ಓವರಿಗೆ, ಜಾರ್ಜ್‌ಟೌನ್ ಕಡೆಯ ತೋಟದಲ್ಲಿ ಸೇಬು ಕೀಳಲು ಹೋಗೋಣ ಎಂದದ್ದಕ್ಕೆ.

ಸಂಜೆ ಕೇಳಿಯೇಬಿಟ್ಟೆ. ಅವಳಿಗೆ ಸಿಟ್ಟು ನೆತ್ತಿಗೇರಿತು. "ಯೂ ರೆಡ್ ಇಟ್? ಅದು ಹಿಸ್ಟರಿ ಪ್ರಾಜೆಕ್ಟ್ ಅಮ್ಮಾ!"

ಐದಾರು ನೂರು ವರ್ಷದ ಹಿಂದೆ, ರಿನೈಸಾನ್ಸ್ ಕಾಲದ ಯುರೋಪಿನ ವಿದ್ಯಾರ್ಥಿಗಳು ಓದುವಾಗ ಹಿಡಿಸಿದ ಮಾತುಗಳನ್ನು ನೋಟ್‌ಬುಕ್ಕಿಗೆ ಇಳಿಸಿ, ವಿಷಯಕ್ಕೊಂದು ತಲೆಬರಹ ಕೊಟ್ಟು ಜೋಡಿಸಿಡುತ್ತಿದ್ದರಂತೆ. ಮುಂದೆ ತಾವು ಬರೆಯುವಾಗ ಹುಡುಕಿ ಬಳಸಲು. ಈಗ ಅವಳ ಕ್ಲಾಸಿನ ಮಕ್ಕಳು ಮನೆಯಲ್ಲಿ ಕೇಳಿದ ಮಾತುಗಳನ್ನು ಹಾಗೆ ಜೋಡಿಸಬೇಕಂತೆ. ಯಾವ ಮಾತು ಯಾವ ತಲೆಬರಹದ ಕೆಳಗೆ ಎಂಬುದು ಅವರದೇ ತೀರ್ಮಾನ. (ಆ ಕಾಲದ ತಾಯಂದಿರು ಪುಣ್ಯವಂತರು. ಪುಸ್ತಕಗಳ ಮಾತಿಗಷ್ಟೇ ಗಂಡಾಂತರವಿತ್ತು.)

"ಆತು. ನಾ ಯಾವಾಗ 'ನೋ' ಅಂದೆ? 'ನೋಡೂಣು' ಅಂದೀನಿ."

"ಫಸ್ಟ್ 'ಮೇಬಿ' ಪೇಜಿನಾಗ ಬರದಿದ್ದೆ. ದೆನ್ ಐ ಮೂವ್ಡ್ ಇಟ್."

ನಾನು ಬೇಡ ಎಂದಿರಲಿಲ್ಲ, ನಿಜ. ಆದರೆ ಆ ಹನ್ನೊಂದರಲ್ಲಿ ಒಂದಾದರೂ ಆಯಿತೇ? ನೆನಪು ಮಾಡಿಕೊಂಡೆ. ಇಲ್ಲ.

"ಗುರುವಾರ ಇವನ್ನೆಲ್ಲಾ ಡಿಸ್ಪ್ಲೇ ಮಾಡ್ತಾರ. ಪೇರೆಂಟ್ಸ್ ಬರಬೇಕು. ಬರ್ತೀಯಾ?"

ಗುರುವಾರ ನನಗೆ ಶಿಫ್ಟು. "ನೋಡೂ..." ಎನ್ನುವಷ್ಟರಲ್ಲಿ ಅವಳ ಪೆನ್ನಿನ ಕ್ಯಾಪು ತೆರೆದಿತ್ತು. ಗಬಕ್ಕನೆ ನುಂಗಿಕೊಂಡೆ. "ಬರ್ತೀನವಾ. ಖಂಡಿತ ಬರ್ತೀನಿ."

ಅವಳು ಒಂದು ಗಳಿಗೆ ನನ್ನ ಮುಖವನ್ನೇ ನೋಡಿದಳು. ಆಮೇಲೆ 'ಯೆಸ್' ಪುಟವನ್ನು ದಾಟಿ ಹೋಗಿ, 'ಮೇಬಿ' ಪುಟದಲ್ಲಿ ಬರೆದುಕೊಂಡಳು.