ಪಪ್ಪನ ಕಾರಿನಲ್ಲಿ ‘ಸಂಕದ ಆಚೆ’

ಇದನ್ನು ನೀವು ನಂಬುವುದಿಲ್ಲ. ನಾನೇ ಆಗಿದ್ದರೂ ನಂಬುತ್ತಿರಲಿಲ್ಲ.

ಕಳೆದ ಭಾನುವಾರ ಮಧ್ಯಾಹ್ನ, ಉರ್ವದ ನಮ್ಮ ಅಂಗಳದಲ್ಲಿ ನಿಂತ ಕಾರಿನೊಳಗೆ ಮೂರು ಜನ ಕಿಟಕಿಯ ಗ್ಲಾಸ್ ಏರಿಸಿಕೊಂಡು ಕೂತಿದ್ದೆವು. ಎಲ್ಲಿಗೂ ಹೋಗಲಿಕ್ಕಿರಲಿಲ್ಲ. ಒಂದು ಸಿ.ಡಿ. ಕೇಳಲಿಕ್ಕಿತ್ತು.

‘ಸಂಕದ ಆಚೆ’. ಹೆಸರು ಕೇಳಿಲ್ಲವಾ? ಯಾರೂ ಕೇಳಿಲ್ಲ, ಅದೇ ಅದರ ಗತ್ತು! ನಾನು ಹುಟ್ಟುವ ಮೊದಲು ಇಬ್ಬರು ಹುಡುಗರು ಬೆಡ್‌ರೂಮಿನಲ್ಲಿ ಮಾಡಿದ ರ‍್ಯಾಪ್ ಆಲ್ಬಮ್. ದೇರೆಬೈಲಿನವ ತುಳುವಿನಲ್ಲಿ ಬೈಯುತ್ತಾನೆ, ತೊಕ್ಕೊಟ್ಟಿನವ ಬ್ಯಾರಿಯಲ್ಲಿ ತಿರುಗಿ ಬೈಯುತ್ತಾನೆ. ನಡುವೆ ನೇತ್ರಾವತಿಯ ಸಂಕ. (ಸೇತುವೆ ಅಂತ ಪೇಪರಿನವರು ಮಾತ್ರ ಹೇಳುವುದು.) ಮನೆಯ ಕಂಪ್ಯೂಟರಿನಲ್ಲೇ ಸಿ.ಡಿ. ಬರ್ನ್ ಮಾಡಿ ಸ್ಕೂಟರಿನ ಡಿಕ್ಕಿಯಲ್ಲಿಟ್ಟು ಮಾರಿದ್ದರಂತೆ. ಕೊಂಡವರಿಗಿಂತ ಪುಕ್ಕಟೆ ಪಡೆದವರು ಜಾಸ್ತಿ. ಪುಕ್ಕಟೆ ಕೊಟ್ಟರೂ ಬೇಡ ಅಂದವರು ಇನ್ನೂ ಜಾಸ್ತಿ.

ಈಗ ಅದಕ್ಕೆ ಕಲೆಕ್ಟರ್‌ಗಳಿದ್ದಾರೆ! ತೊಕ್ಕೊಟ್ಟಿನಲ್ಲಿ ಮೊಬೈಲ್ ಅಂಗಡಿಯ ಸಮೀರ್ ಭಾಯ್, ದೇರೆಬೈಲಿನಲ್ಲಿ ಜಿಮ್ ನಡೆಸುವ ಪ್ರಜ್ವಲಣ್ಣ. ಇಬ್ಬರ ಕಾಪಿಗೂ ಒಂದೇ ರೋಗ. ಬರ್ನ್ ಮಾಡಿದವನ ಅವಸರಕ್ಕೆ ಕೊನೆಯ ಹಾಡು ಅರ್ಧಕ್ಕೇ ನಿಲ್ಲುತ್ತದೆ. ಅದೂ ಎಲ್ಲಿ? ಮುಖಾಮುಖಿ ಫೈಟಿನಲ್ಲಿ! ದೇರೆಬೈಲಿನವ ತೊಕ್ಕೊಟ್ಟಿನವನ ಮೀಸೆಯ ಮಾನ ಕಳೆಯುತ್ತಾನೆ. ತೊಕ್ಕೊಟ್ಟಿನವ ಉತ್ತರ ಕೊಡಲು ಗಂಟಲು ಸರಿ ಮಾಡುತ್ತಾನೆ. ಕಟ್!

ಗೆದ್ದದ್ದು ಯಾರು? ಇದೊಂದು ಪ್ರಶ್ನೆಗೆ ಇಬ್ಬರೂ ವರ್ಷಗಟ್ಟಲೆ ಜಗಳಾಡಿದ್ದಾರೆ. ಭಾಯ್‌ಗೆ ತೊಕ್ಕೊಟ್ಟು, ಅಣ್ಣನಿಗೆ ದೇರೆಬೈಲ್.

ಆಗ ನನ್ನ ಎಂಟ್ರಿ. ಕಸಿನ್ ಮನೆಯಲ್ಲಿ ಗುಜರಿಗೆ ಹಾಕಲು ಇಟ್ಟ ರಾಶಿಯಲ್ಲಿ ಒಂದು ಕಾಪಿ ಸಿಕ್ಕಿತು. ಕೂಡಲೇ ಇಬ್ಬರಿಗೂ ಮೆಸೇಜ್ ಬಿಟ್ಟೆ: ‘ನನ್ನದರಲ್ಲಿ ಕೊನೆ ಹಾಡು ಫುಲ್ ಉಂಟು.’ (ಕೇಳಿರಲಿಲ್ಲ. ಸಿ.ಡಿ. ಹಾಕಲು ಜಾಗ ಇದ್ದದ್ದು ಪಪ್ಪನ ಹಳೇ ಕಾರಿನಲ್ಲಿ ಮಾತ್ರ. ಆದರೆ ಕಾನ್ಫಿಡೆನ್ಸ್ ಅಂತ ಒಂದು ಇರುತ್ತದಲ್ಲ?)

ಭಾನುವಾರ ಪಪ್ಪ ತಮ್ಮ ಹೋಟೆಲಿನಿಂದ ಬಂದು ಊಟ ಮಾಡಿ ಮಲಗಿದರು. ಶರ್ಟಿನ ಕಿಸೆಯಿಂದ ಕೀ ಎಗರಿಸಿದೆ. ಸಮೀರ್ ಭಾಯ್ ಸಿ.ಡಿ. ಕವರನ್ನು ಮೂಗಿಗೆ ಹಿಡಿದು ಬಿರಿಯಾನಿಯಂತೆ ಮೂಸಿದರು.

“ಒರಿಜಿನಲ್ಲೇ ಮಾರಾಯ!”

“ಅದಿರಲಿ, ನೀನು ಫುಲ್ ಕೇಳಿದ್ದಿಯಲ್ಲ? ಗೆದ್ದದ್ದು ಯಾರು ಹೇಳು,” ಎಂದರು ಪ್ರಜ್ವಲಣ್ಣ.

“ಸಸ್ಪೆನ್ಸ್ ಹಾಳು ಮಾಡ್ಲಿಕ್ಕಿಲ್ಲ ಅಣ್ಣ.”

“ಇವ ಕೇಳಲೇ ಇಲ್ಲ ಭಾಯ್. ಬರೀ ಬಂಡಲ್.”

“ಬಂಡಲ್ ಆದ್ರೆ ಇವನನ್ನು ನನ್ನ ಅಂಗಡಿ ಎದುರು ನಿಲ್ಲಿಸ್ತೇನೆ. ಇಡೀ ದಿನ ಸ್ಕ್ರೀನ್ ಗಾರ್ಡ್ ಅಂಟಿಸ್ಲಿ!”

ನಗಬೇಡಿ. ನನ್ನ ಮರ್ಯಾದೆ ಆ ಡಬ್ಬ ಪ್ಲೇಯರಿನೊಳಗೆ ತಿರುಗುತ್ತಿತ್ತು.

ಕೊನೆಯ ಹಾಡು ಶುರುವಾಯಿತು. ಮೀಸೆ ಬಂತು. ಮೀಸೆಯ ಮಾನ ಹೋಯಿತು. ಪ್ರಜ್ವಲಣ್ಣ ತೊಡೆ ತಟ್ಟಿದರು. ತೊಕ್ಕೊಟ್ಟಿನವ ಗಂಟಲು ಸರಿ ಮಾಡಿದ. ನಾನು ಕಣ್ಣು ಮುಚ್ಚಿದೆ.

ನಿಲ್ಲಲಿಲ್ಲ!

“ಉಂಟು! ಮುಂದೆ ಉಂಟು!” ಭಾಯ್ ನನ್ನ ಕುತ್ತಿಗೆ ಹಿಡಿದು ಅಲ್ಲಾಡಿಸಿದರು. ಪ್ರೀತಿಯಿಂದಲೇ. ತೊಕ್ಕೊಟ್ಟಿನವ “ಕೇಳ್...” ಎಂದ.

ಬಾಗಿಲು ತೆರೆಯಿತು. ಶರ್ಟಿನ ಗುಂಡಿ ಹಾಕುತ್ತಾ ಪಪ್ಪ.

“ಜಪ್ಪು, ಇಳಿ! ಮೂರು ಜನವೂ ಇಳೀರಿ. ಅಲ್ಲಿ ಹೋಟ್ಲಲ್ಲಿ ಗ್ಯಾಸ್ ಖಾಲಿ, ಇಲ್ಲಿ ನಿಮ್ಮದು ಎಂತ ಸರ್ಕಸ್?”

“ಪಪ್ಪ, ಒಂದೇ ನಿಮಿಷ...”

“ಆ ನಿಮಿಷದಲ್ಲಿ ಬನ್ಸ್ ನೀನು ಕರೀತೀಯಾ?”

ಇಳಿದೆವು. ಪಪ್ಪ ಹತ್ತಿ ಬಾಗಿಲು ಹಾಕಿಕೊಂಡರು. ಹಾಡು ಒಳಗೇ ಓಡುತ್ತಿತ್ತು. ಹೊರಗೆ ಬರೀ ಧುಂ ಧುಂ. ಜಿಮ್ ನಡೆಸುವ ದೊಡ್ಡ ಮನುಷ್ಯ ಗ್ಲಾಸಿಗೆ ಕಿವಿ ಒತ್ತಿಕೊಂಡು, ರಿವರ್ಸ್ ಹೋಗುವ ಕಾರಿನ ಜೊತೆ ತಾನೂ ರಿವರ್ಸ್ ಓಡಿದ್ದನ್ನು ನಾನು ಕಣ್ಣಾರೆ ಕಂಡೆ.

ಗೇಟಿನ ಹತ್ತಿರ ಪಪ್ಪ ಬ್ರೇಕ್ ಹಾಕಿದರು. ಕೂತಲ್ಲೇ, ಭುಜ ಕುಣಿಯುವಷ್ಟು ನಕ್ಕರು. ಮತ್ತೆ ಹೊರಟೇ ಹೋದರು. ಅವತ್ತೇ ಆ ಡಬ್ಬ ಪ್ಲೇಯರ್ ಸಿ.ಡಿ. ನುಂಗಿತು, ಪಪ್ಪನನ್ನು ಕೇಳಿದರೆ ಇವತ್ತಿಗೂ ಬರೀ ನಗು.

ಪಪ್ಪನಿಗೆ ತುಳುವೂ ಬರುತ್ತದೆ, ಬ್ಯಾರಿಯೂ ಬರುತ್ತದೆ. ಹಾಗಾದರೆ ನೀವೇ ಹೇಳಿ, ನಕ್ಕದ್ದು ಯಾರ ಮಾತಿಗೆ?