ಫ್ರೇಮಿಗೆ ಬಾರದ ಬೂಟು

ದುಬೈಯ ಅಲ್ ಕೂಜ್‌ನ ಗೋದಾಮಿನಂಥ ಸ್ಟುಡಿಯೋದಲ್ಲಿ ನಾನು ವೇಷಭೂಷಣ ನೋಡಿಕೊಳ್ಳುತ್ತಿದ್ದಾಗ ವಯಸ್ಸಾದ ಸ್ಪ್ಯಾನಿಷ್ ನಟರೊಬ್ಬರ ಪರಿಚಯವಾಯಿತು. ತಮ್ಮ ದೇಶದ ಸಿನಿಮಾ, ಧಾರಾವಾಹಿಗಳಲ್ಲಿ ಅವರು ಪಾದ್ರಿ, ಕಳ್ಳ, ಕಟುಕ, ಮಂತ್ರಿ, ಕೊನೆಗೆ ಹೆಣವೂ ಆಗಿದ್ದರು. ನಾಯಕ ಮಾತ್ರ ಆಗಿರಲಿಲ್ಲ. ನಾನು ಬಟ್ಟೆ ಕೊಡಲು ಹೋದರೆ ಕೈ ಅಡ್ಡ ಹಿಡಿದು, "ಮೊದಲು ಬೂಟು" ಎನ್ನುತ್ತಿದ್ದರು. ಬೂಟು ಹಾಕಿ ನಾಲ್ಕು ಹೆಜ್ಜೆ ನಡೆದ ಮೇಲೆಯೇ ಅವರ ಮುಖ ಬೇರೆಯಾಗುತ್ತಿತ್ತು.

ಒಂದು ಧಾರಾವಾಹಿಯಲ್ಲಿ ಅವರಿಗೆ ನ್ಯಾಯಾಧೀಶರ ಪಾತ್ರ ಸಿಕ್ಕಿತು. ಮೇಜಿನ ಹಿಂದೆ ಕೂತು ತೀರ್ಪು ಓದಿ ಸಹಿ ಹಾಕಬೇಕು, ಅಷ್ಟೆ. ಹಾಗಾಗಿ ಬೂಟು ಯಾರೂ ತರಿಸಿರಲಿಲ್ಲ. ಅವರು ಕರಿಕೋಟು ತೊಟ್ಟು, ಕೈಕಟ್ಟಿಕೊಂಡು, ಕುರ್ಚಿಯ ಪಕ್ಕ ನಿಂತೇಬಿಟ್ಟರು.

"ಕ್ಯಾಮರಾದಲ್ಲಿ ಕಾಲೇ ಕಾಣುದಿಲ್ಲ ಮಾರಾಯ, ಈ ಅಜ್ಜನಿಗೆ ಬೂಟು ಎಂತಕ್ಕೆ?" ಎಂದ ಮಂಗಳೂರಿನ ಲೈಟ್‌ಮ್ಯಾನ್. ನಿರ್ದೇಶಕ "ಯಲ್ಲಾ ಯಲ್ಲಾ, ಬೇಗ" ಎಂದು ಗಡಿಯಾರ ತೋರಿಸಿದ.

"ಹವಾಯಿ ಚಪ್ಪಲಿ ಹಾಕಿಕೊಂಡು ನಾನು ಯಾರಿಗೂ ಶಿಕ್ಷೆ ಕೊಡುವುದಿಲ್ಲ" ಎಂದರು ಅವರು, ತಮ್ಮ ಮುರುಕು ಇಂಗ್ಲಿಷಿನಲ್ಲಿ.

ನಾನು ಟ್ಯಾಕ್ಸಿ ಹಿಡಿದು ಕರಾಮದ ಪೇಟೆಯಿಂದ ಕಪ್ಪು ಬೂಟು ತರುವ ತನಕ ಇಡೀ ಸೆಟ್ಟು ಕಾದು ಕೂತಿತು.

ಆ ಕಂತು ಬಂದ ದಿನ ಕರಾಮದ ಉಡುಪಿ ಹೋಟೆಲಿನಲ್ಲಿ ಕೂತು, ನನ್ನ ಮೊಬೈಲಿನಲ್ಲಿ ಇಬ್ಬರೂ ನೋಡಿದೆವು. ಅವರ ಮುಖ, ಮಾತು ಎಲ್ಲವನ್ನೂ ಕತ್ತರಿಸಿ, ಸಹಿ ಹಾಕುವ ಕೈಯೊಂದನ್ನೇ ಉಳಿಸಿದ್ದರು. ನಾನು ಮೊಬೈಲನ್ನು ಮಗುಚಿಡಲು ಹೋದೆ.

ಅವರು ದೋಸೆ ಮುರಿಯುತ್ತಾ ಹೇಳಿದರು: "ಸರಿಯಾಗಿ ನೋಡು. ಆ ಕೈ ಬೂಟು ಹಾಕಿಕೊಂಡಿದೆ."