ಕಣ್ಣು ಮನೆಗೆ ಬರುವ ಹೊತ್ತು

ಇವತ್ತು ನಮ್ಮ ನಡುಮನೆಗೆ ಟ್ಯೂಬ್‌ಲೈಟ್ ಬಂತು. ಸೊಸೆಗೆ ಖುಷಿಯೋ ಖುಷಿ. ನನಗೆ ಮಾತ್ರ ಗೋಡೆಯ ಮಸಿ, ಜೇಡರ ಬಲೆ, ನನ್ನ ಕೈಯ ಸುಕ್ಕು ಎಲ್ಲ ಒಮ್ಮೆಲೇ ಕಂಡು ಸುಸ್ತಾಯಿತು. ಈ ವಯಸ್ಸಿನಲ್ಲಿ ಇಷ್ಟೆಲ್ಲ ಕಾಣಲೇಬೇಕೆ, ನೀವೇ ಹೇಳಿ.

ನಮ್ಮದು ಬಸವಕಲ್ಯಾಣದ ಹಳೆಯ ಕಲ್ಲಿನ ಮನೆ, ಒಂದೇ ಬೆಳಕಿಂಡಿ. ಬಿಸಿಲಿನಿಂದ ಒಳಗೆ ಬಂದವರಿಗೆ ಏನೂ ಕಾಣದು. ಅವ್ವ ಬಂದವರ ಕೈಗೆ ನೀರಿನ ಚೊಂಬು ಕೊಟ್ಟು ಸುಮ್ಮನೆ ಕೂರಿಸುತ್ತಿದ್ದಳು. ನಾವು ಬಾಯಿ ತೆರೆದರೆ, "ಮೊದಲ ಕಣ್ಣು ಮನಿಗಿ ಬರ್ಲಿ, ಆಮ್ಯಾಗ ಮಾತಾಡ್ರಿ" ಎನ್ನುತ್ತಿದ್ದಳು.

ಅಣ್ಣ ಈ ಕತ್ತಲೆಯನ್ನೇ ಕಸುಬು ಮಾಡಿಕೊಂಡ. ಮೊದಲು ಹುಮನಾಬಾದಿನ ಗಂಜ್, ಅಂದರೆ ಕಾಳುಕಡಿಯ ಪೇಟೆಯ ಹತ್ತಿರ ಫೋಟೋ ಸ್ಟುಡಿಯೋ ಇಟ್ಟ. ವರನ ಕಡೆಗೆ ಕಳಿಸಲು ಮಗಳ ಫೋಟೋ ತೆಗೆಸಿದವರೊಬ್ಬರು, "ಅರ್ಧಾ ಮುಖ ಎಲ್ಲಿ ಹೋತ್ರಿ? ಅದ್ರಾಗ ಏನೋ ಐಬ್ ಐತಿ ಅಂತಾರ" ಎಂದು ಸಂಕಟಪಟ್ಟರು. ಅಂಗಡಿ ನಡೆಯಲಿಲ್ಲ. ದೊಡ್ಡ ಲೈಟುಗಳಿಲ್ಲದೆ, ತಾವೇ ನಾಲ್ಕು ಜನ ಕೂಡಿ ಸಿನಿಮಾ ಮಾಡುವವರ ಜೊತೆ ಕ್ಯಾಮೆರಾಮನ್ ಆಗಿ ಹೋದ.

ಅವನ ಚಿತ್ರಗಳಲ್ಲಿ ಯಾರಾದರೂ ಮನೆಯೊಳಗೆ ಬಂದರೆ ಮೊದಲು ಪರದೆಯೆಲ್ಲ ಕಪ್ಪು. ಆಮೇಲೆ ಚೊಂಬಿನ ಅಂಚು, ಒಂದು ಕೈ, ಕೊನೆಗೆ ಮುಖ. ಜನ ತಾಳ್ಮೆಗೆಟ್ಟು ಸೀಟಿ ಹೊಡೆದರು. ನಾನಂತೂ ಆ ಕಪ್ಪಿನಲ್ಲಿ ಎಷ್ಟೋ ಸಲ ಒಂದು ನಿದ್ದೆ ತೆಗೆದಿದ್ದೇನೆ. ಅವನಿಗಿದ್ದ ಆಸೆ ಒಂದೇ, ಅವ್ವ ಒಮ್ಮೆ ನೋಡಿ ಇದು ನಮ್ಮ ಮನೆ ಎಂದು ಗುರುತು ಹಿಡಿಯಬೇಕು.

ಅಂತೂ ಹುಮನಾಬಾದಿನ ಟಾಕೀಸಿಗೆ ಅವನ ಚಿತ್ರ ಬಂತು. ಅವ್ವನನ್ನು ನಡುವೆ ಕೂರಿಸಿಕೊಂಡು ನೋಡಿದೆವು. ಪರದೆಯ ಮೇಲೆ ಕತ್ತಲೆಯೇ ಇರಲಿಲ್ಲ, ಎಲ್ಲ ಸುಣ್ಣ ಬಳಿದ ಹಾಗೆ ಬೆಳ್ಳಗೆ. ಅಣ್ಣ ಕುರ್ಚಿಯ ಕೈ ಬಿಗಿಯಾಗಿ ಹಿಡಿದು ಕೂತಿದ್ದ. ಆಟ ಮುಗಿದ ಮೇಲೆ ಪ್ರೊಜೆಕ್ಟರ್ ನಡೆಸುವ ಖಾಜಾಮಿಯಾ ಬೆವರು ಒರೆಸಿಕೊಳ್ಳುತ್ತ, ನಗುತ್ತ ಇಳಿದು ಬಂದ.

"ಪ್ರಿಂಟ್ ಭಾಳ ಕಾಲಾ ಇತ್ರಿ ಸಾಬ್. ನಮ್ಮೋರ ಪಿಕ್ಚರ್, ಮುಖ ಕಾಣಬೇಕಲ್ರಿ? ದೀಪದ ಕಾರ್ಬನ್ ಏರ್ಸಿ ಬೆಳಕು ಫುಲ್ ಜೋರ್ ಮಾಡೀನಿ."

ಅಂಥ ಪ್ರೀತಿ ಅವನದು. ಅಣ್ಣ "ಶುಕ್ರಿಯಾ ಖಾಜಾಭಾಯಿ" ಎಂದ.

ಬಸ್ಸಿನಲ್ಲಿ ಊರಿಗೆ ಹೊರಟೆವು. ದಾರಿಯಲ್ಲಿ ನಾನೇ ಕೇಳಿದೆ, "ಪಿಕ್ಚರ್ ಹ್ಯಾಂಗಿತ್ತವ್ವಾ?"

"ಛಲೋ ಇತ್ತು. ಖರೆ ಆ ಮನಿ ಮಂದಿಗಿ ಭಾಳ ಅವಸರ. ಒಳಗ ಬಂದೋರ ಕಣ್ಣು ಬರೂತನಾ ತಡೀಲಿಲ್ಲ."

"ನಾ ತಡದಿದ್ದೆ, ಅವ್ವಾ," ಎಂದ ಅಣ್ಣ. ಅವಳಿಗೆ ತಿಳಿಯಲಿಲ್ಲ. ಸರಿಯಾದ ಕತ್ತಲೆಯಲ್ಲಿ ಇನ್ನೊಮ್ಮೆ ತೋರಿಸುವ ಮೊದಲೇ ಅವಳು ಹೋಗಿಬಿಟ್ಟಳು. ನೆನೆದರೆ ಈಗಲೂ ಸಂಕಟವಾಗುತ್ತದೆ.

ಅಣ್ಣ ದಣಿದು ಊರಿಗೆ ಮರಳಿ ಬಹಳ ದಿನವಾಯಿತು, ನಮ್ಮ ಜೊತೆಯೇ ಇದ್ದಾನೆ. ನಾನು ಇದನ್ನೆಲ್ಲ ಯೋಚಿಸುತ್ತಿದ್ದಾಗಲೇ ಅವನು ಬಿಸಿಲಿನಿಂದ ಬಂದ. ಹೊಸ ಬೆಳಕಿಗೆ ಕಣ್ಣಿಗೆ ಕೈ ಅಡ್ಡ ಹಿಡಿದು ಹೊಸ್ತಿಲಲ್ಲೇ ನಿಂತ. ನಾನು ಎದ್ದು ಅವನಿಗೆ ನೀರು ಕೊಟ್ಟು, ದೀಪ ಆರಿಸಿದೆ.

"ಯಾಕ್ರಿ ಮಾವಾ, ಕರೆಂಟ್ ಹೋತೇನ್ರಿ?" ಸೊಸೆ ಒಳಗಿನಿಂದ ಕೇಳಿದಳು.

"ಇಲ್ಲವ್ವಾ. ಅಣ್ಣನ ಕಣ್ಣು ಮನಿಗಿ ಬರ್ಲಿ."

ಮೊದಲು ಚೊಂಬಿನ ಅಂಚು ಕಂಡಿತು, ಆಮೇಲೆ ಅವನ ಕೈ. ಮುಖ ಕಾಣುವ ತನಕ ನಾವಿಬ್ಬರೂ ಮಾತಾಡಲಿಲ್ಲ.